ಆಣೆಜೋಡಿ

ಗಾಳಿ ತಿಂಗಳು, ೨

ಇವತ್ತು ನನ್ನ ಹೆಂಡತಿ ಇನ್ನೊಬ್ಬನ ಕೈ ಹಿಡಿದಳು. ಊರಿನ ಅರ್ಧ ಜನ ನಿಂತು ನೋಡಿದರು. ನಾನೂ ನೋಡಿದೆ, ಎಲ್ಲರೂ ಚಪ್ಪಾಳೆ ತಟ್ಟಿದಾಗ ನಾನೂ ತಟ್ಟಿದೆ. ಬಾಯಿಬಿಟ್ಟು ಹೇಳಿದರೆ ಜಗಳವಾಗುತ್ತದೆ, ನುಂಗಿಕೊಂಡರೆ ಎದೆಯಲ್ಲೇ ಕೂರುತ್ತದೆ. ಅದಕ್ಕೇ ಬರೆಯಲು ಕೂತಿದ್ದೇನೆ.

ಔಷಧದ ರಸ ಇಳಿಸುವ ರಸಶಾಲೆಗೆ ಅವಳು ಸೇರಿದ್ದು ಮೂಸೆ, ಪಾತ್ರೆ ತೊಳೆಯುವ ಕೆಲಸಕ್ಕೆ. ಆಮೇಲೆ ಅರೆಯುವುದು, ಸೋಸುವುದು, ಭಟ್ಟಿಯ ಬೆಂಕಿ ಕಾಯುವುದು. ಹೀಗೆ ಒಂದೊಂದೇ ಮೆಟ್ಟಿಲು ಹತ್ತಿ ಇವತ್ತು ರಸವಾದಿಯಾದಳು. ನನಗೆ ಹೆಮ್ಮೆಯಿಲ್ಲ ಎನ್ನಲಾರೆ. ಅಲ್ಲಿನ ಗಾಜಿನ ಸೀಸೆ, ಬುರುಡೆ, ಕೊಳವೆ ಎಲ್ಲವನ್ನೂ ಊದಿಕೊಡುವವನು ನಾನೇ. ಅವಳು ಮೊದಲ ಬಾರಿ ತಾನೇ ಇಳಿಸಿದ ರಸವನ್ನು ತುಂಬಿದ್ದು ನಾನು ಊದಿದ ಸೀಸೆಗೆ.

ಆದರೆ ರಸವಾದಿಯಾಗಬೇಕಾದರೆ ಆಣೆ ಮಾಡಬೇಕು. ಆಣೆಗೆ ಒಬ್ಬ ಜೋಡಿ ಬೇಕು. ಇಬ್ಬರೂ ಎದುರುಬದುರು ನಿಂತು, ಪಾದರಸ ತುಂಬಿದ ಬಟ್ಟಲಿನೊಳಗೆ ಒಬ್ಬರ ಬಲಗೈಯನ್ನು ಇನ್ನೊಬ್ಬರು ಹಿಡಿದು ಹೇಳಬೇಕು: ಕುಡಿಯುವವರಿಗೆ ಕೆಡುಕಾಗುವುದನ್ನು ತಿಳಿದು ಮಾಡೆನು. ಒಂದನ್ನು ಇನ್ನೊಂದೆಂದು ಹೇಳಿ ಕೊಡೆನು. ಮೊದಲು ಬೇಕಾದವರಿಗೆ ಮೊದಲು ಕೊಡುವೆನು, ಅವರು ಯಾರೇ ಆಗಿರಲಿ.

ಈ ಆಣೆ ಬರೀ ಬಾಯಿಮಾತಲ್ಲ. ಮುರಿದರೆ ಅಂಗೈ ಸುಡುತ್ತದೆ. ಮುರಿದವರದ್ದಲ್ಲ, ಜೋಡಿಯದ್ದು. ತನ್ನ ಕೈ ಸುಟ್ಟರೆ ಸುಡಲಿ ಎಂದು ತಪ್ಪು ಮಾಡುವವರು ಇರುತ್ತಾರೆ, ಪಕ್ಕದವರ ಕೈ ಸುಡಲು ಅವರೂ ಹಿಂಜರಿಯುತ್ತಾರೆ ಎಂದು ಇದನ್ನು ಕಟ್ಟಿದ ಪುಣ್ಯಾತ್ಮರು ಯೋಚಿಸಿದ್ದರಂತೆ. ಮುರಿಯುವುದಿರಲಿ, ಮನಸ್ಸು ಮುರಿಯುವ ಅಂಚಿಗೆ ಬಂದರೂ ಜೋಡಿಯ ಅಂಗೈ ಬೆಚ್ಚಗಾಗುತ್ತದೆ. ಅಂಗೈಯಿಂದ ತಿಳಿದದ್ದನ್ನು ಮೂರನೆಯವರಿಗೆ ಹೇಳುವಂತಿಲ್ಲ. ಗಂಡನಿಗೂ.

ನಾನೇ ಏಕೆ ಅವಳ ಜೋಡಿಯಾಗಬಾರದು ಎಂದು ರಸಶಾಲೆಯ ಹಿರಿಯರನ್ನು ಕೇಳಿಯೂಬಿಟ್ಟಿದ್ದೆ. ಅವರು ನಕ್ಕರು. "ನೀನು ಗಾಜು ಊದೋನಪ್ಪಾ. ಅದೂ ಅಲ್ದೆ ಗಂಡ ಹೆಂಡ್ತಿ ಒಬ್ಬರ ಗಾಯ ಇನ್ನೊಬ್ಬರು ಮುಚ್ಚಿಡ್ತಾರೆ. ಆಣೆಗೆ ಹೊರಗಿನವರೇ ಬೇಕು."

ಹೊರಗಿನವನು ಯಾರು ಎಂದರೆ ರಸಶಾಲೆಯಲ್ಲೇ ದುಡಿಯುವ ಇಕ್ಕಳ. ಉದ್ದ ಕೈ, ಉದ್ದ ಕಾಲು, ಕುಲುಮೆಯ ಇಕ್ಕಳವೇ ಎದ್ದು ನಡೆದುಬಂದಂತೆ ಇದ್ದಾನೆ. ಅದಕ್ಕೇ ಎಲ್ಲರ ಬಾಯಲ್ಲೂ ಅವನು ಇಕ್ಕಳ. ಮದುವೆಯಾಗಿಲ್ಲ. ಹೊಳೆಯಾಚೆ ಅಕ್ಕನ ಜೊತೆ ಇರುತ್ತಾನಂತೆ. ಬಟ್ಟಲಿನಿಂದ ಕೈ ಹೊರತೆಗೆದಾಗ ಇಬ್ಬರ ಅಂಗೈಯಲ್ಲೂ ಉಗುರಿನಷ್ಟಗಲದ ಬೆಳ್ಳಿ ಗುರುತು ಮೂಡಿತ್ತು. ಒಂದೇ ಅಚ್ಚಿನಲ್ಲಿ ತೆಗೆದಂತೆ.

ಹೊರಗೆ ಬಂದು ಅವನು ನನಗೆ "ಇನ್ಮೇಲೆ ನೀವು ನನಗೆ ಅಣ್ಣ" ಎಂದ. ಯಾರು ಕೇಳಿದ್ದರು?

ಗಾಳಿ ತಿಂಗಳು, ೬

ಮಧ್ಯಾಹ್ನ ಊಟ ಬಡಿಸುತ್ತಿದ್ದವಳು ಸೌಟು ಕೈಬಿಟ್ಟಳು. ಸುಟ್ಟಿತೇನೋ ಎಂದು ಓಡಿಹೋಗಿ ಕೈ ಹಿಡಿದೆ. ಪಾತ್ರೆ ತಣ್ಣಗಿತ್ತು.

"ಏನಾಯ್ತೇ?"

"ಏನಿಲ್ಲ ರೀ."

"ಅವನಾ?"

ಅಂಗೈಯನ್ನು ಇನ್ನೊಂದು ಕೈಯಿಂದ ಮುಚ್ಚಿಕೊಂಡು, ಕಿಟಕಿಯ ಕಡೆ ತಿರುಗಿ ನಿಂತಳು. ಆ ಕಿಟಕಿಯಿಂದ ಹೊಳೆ ಕಾಣುತ್ತದೆ. ಹೊಳೆಯಾಚೆಯ ಮನೆಗಳೂ ಕಾಣುತ್ತವೆ.

ಊಟ ರುಚಿಸಲಿಲ್ಲ. ಅವಳಿಗೆ ಉಪ್ಪು ಕಡಿಮೆ ಎಂದೆ. ಉಪ್ಪು ಸರಿಯಾಗೇ ಇತ್ತು.

ಗಾಳಿ ತಿಂಗಳು, ೧೧

ದಿನಾ ಅದೇ. ಬಟ್ಟೆ ಒಣಗಿಹಾಕುವಾಗ, ತಲೆ ಬಾಚುವಾಗ, ನನ್ನ ಜೊತೆ ಮಾತಾಡುತ್ತಾ ಮಾತಿನ ನಡುವೆಯೇ, ಇದ್ದಕ್ಕಿದ್ದಂತೆ ಅವಳು ಇಲ್ಲಿ ಇರುವುದಿಲ್ಲ. ಬಲಗೈ ಮುಷ್ಟಿಯಾಗುತ್ತದೆ. ಒಮ್ಮೊಮ್ಮೆ ಅಂಗೈಯನ್ನು ಕೆನ್ನೆಗೆ ಇಟ್ಟುಕೊಳ್ಳುತ್ತಾಳೆ. ನನ್ನ ಕೈಯನ್ನು ಕೊನೆಯ ಬಾರಿ ಕೆನ್ನೆಗೆ ಇಟ್ಟುಕೊಂಡದ್ದು ಯಾವಾಗ ಎಂದು ನೆನಪು ಮಾಡಿಕೊಂಡೆ. ನೆನಪಾಗಲಿಲ್ಲ. ನನ್ನ ಕೈ ಒರಟು, ಅದಕ್ಕೇನು ಮಾಡಲಿ? ಬೆಂಕಿಯ ಮುಂದೆ ದುಡಿಯುವವನ ಕೈ ಹತ್ತಿಯಂತಿರುತ್ತದೆಯೇ?

"ಅವನ ಮನಸ್ಸಿನಲ್ಲಿ ಏನಿದೆ ಅಂತ ನಿನಗೆ ಗೊತ್ತಾಗುತ್ತೆ. ನನ್ನ ಮನಸ್ಸಿನಲ್ಲಿ ಏನಿದೆ ಅಂತ ಗೊತ್ತಾ?" ಎಂದು ಕೇಳಿದೆ.

"ನಿಮ್ಮ ಮುಖ ನೋಡಿದ್ರೆ ಸಾಕು, ಅಂಗೈ ಯಾಕೆ ಬೇಕು?" ಎಂದು ನಕ್ಕಳು. ಬೇರೆ ದಿನವಾಗಿದ್ದರೆ ನಾನೂ ನಗುತ್ತಿದ್ದೆನೇನೋ.

ಇವತ್ತು ಊದಿದ ಬುರುಡೆಗಳಲ್ಲಿ ಅರ್ಧಕ್ಕರ್ಧ ಸೊಟ್ಟ. ಗಾಜಿಗೆ ಉಸಿರು ಸಮನಾಗಿ ಹೋಗಬೇಕು. ಹೊಟ್ಟೆ ಉರಿಯುವಾಗ ಉಸಿರು ಎಲ್ಲಿಂದ ಸಮನಾಗಿ ಬರಬೇಕು?

ಗಾಳಿ ತಿಂಗಳು, ೧೪

ಹೊಳೆಯಾಚೆ ಹೋಗಿದ್ದೆ. ಇಕ್ಕಳನ ಮನೆ ನೋಡಬೇಕಿತ್ತು. ಸೀಸೆಗಳ ಅಳತೆ ಕೇಳುವ ನೆಪ ಇಟ್ಟುಕೊಂಡಿದ್ದೆ.

ದೋಣಿಯವನು ದಡ ಮುಟ್ಟುವವರೆಗೂ ಬಾಯಿ ಮುಚ್ಚಲಿಲ್ಲ. ಬೊಜ್ಜು ಹೊಟ್ಟೆ, ಒಂದು ಮಾತಿಗೆ ನಾಲ್ಕು ನಗು. ದಾರಿಯುದ್ದಕ್ಕೂ ತನ್ನ ಹೆಂಡತಿಯ ಗುಣಗಾನ: ಅವಳು ಕೈಯಿಟ್ಟರೆ ಹುಟ್ಟು ತಾನಾಗೇ ನಡೆಯುತ್ತದಂತೆ, ಅವಳು ಬೈದರೆ ಹೊಳೆಯೂ ಸುಮ್ಮನಾಗುತ್ತದಂತೆ. "ಇಕ್ಕಳನ ಮನೆಗಾ? ಆ ಹಸಿರು ಬಾಗಿಲು. ತಲೆ ಬಗ್ಗಿಸ್ಕೊಂಡು ಹೋಗಿ, ಅವನ ಮನೆ ಬಾಗಿಲು ಅವನಿಗೇ ತಾಗುತ್ತೆ" ಎಂದು ಮತ್ತೆ ನಕ್ಕ.

ಮನೆ ಚಿಕ್ಕದು, ಚೊಕ್ಕವಾಗಿದೆ. ಅವನ ಅಕ್ಕ ಗೋಡೆಗೆ ಒರಗಿ ಕೂತಿದ್ದರು. ಮುಖದಲ್ಲಿ ಬಣ್ಣವಿಲ್ಲ. ನನ್ನನ್ನು ನೋಡಿದ್ದೇ ಮುಖ ಅರಳಿಸಿ, "ಗಾಜಿನವರಾ? ಬನ್ನಿ ಬನ್ನಿ. ನಿಮ್ಮ ಹೆಂಡ್ತಿ ವಿಷಯ ಇವನು ದಿನಾ ಹೇಳ್ತಾನೆ" ಎಂದರು.

ದಿನಾ ಹೇಳುತ್ತಾನೆ! ಆಮೇಲೆ ಅವರು ಏನು ಮಾತಾಡಿದರೋ, ನಾನೇನು ಹೇಳಿದೆನೋ, ಒಂದೂ ತಲೆಗೆ ಹತ್ತಲಿಲ್ಲ. ಕೊಟ್ಟ ನೀರನ್ನೂ ಪೂರ್ತಿ ಕುಡಿಯದೆ ಎದ್ದು ಬಂದೆ.

ಗಾಳಿ ತಿಂಗಳು, ೧೫

ದಿನಾ.

ಗಾಳಿ ತಿಂಗಳು, ೨೨

ಊರಿಗೆ ಬೂದಿಜ್ವರ ಬಂದಿದೆ. ಮೊದಲು ಉಗುರು ಬೂದಿಯ ಬಣ್ಣಕ್ಕೆ ತಿರುಗುತ್ತದೆ, ಆಮೇಲೆ ತುಟಿ, ಆಮೇಲೆ ಮೈಯೆಲ್ಲ. ಅದಕ್ಕೆ ಇರುವ ರಸ ಒಂದೇ, ಅದೂ ಭಟ್ಟಿಯಿಂದ ಹನಿಹನಿಯಾಗಿ ಇಳಿಯುತ್ತದೆ. ಒಂದು ಸೀಸೆ ತುಂಬುವಷ್ಟರಲ್ಲಿ ಹೊರಗೆ ಹತ್ತು ಮನೆಯವರು ಕಾದು ಕೂತಿರುತ್ತಾರೆ. ಯಾರ ಜ್ವರ ಹೆಚ್ಚು ಏರಿದೆಯೋ ಅವರಿಗೆ ಮೊದಲು. ಆಣೆಯ ಮೂರನೆಯ ಮಾತು ಅದೇ.

ಇಕ್ಕಳನ ಅಕ್ಕನಿಗೂ ಜ್ವರ. ಇನ್ನೂ ಉಗುರಿನಲ್ಲೇ ಇದೆ, ಸರದಿ ದೂರ. ನನ್ನವಳ ಅಂಗೈ ಏಕೆ ಕಾಯುತ್ತಿತ್ತು ಎಂದು ಈಗ ಅರ್ಥವಾಯಿತು. ಆ ಅಕ್ಕ ಮೊದಲಿನಿಂದಲೂ ಬಡಕಲು ಜೀವ. ಈ ಜ್ವರಕ್ಕೂ ಮೊದಲೇ, ರಸಶಾಲೆಯ ಕಪಾಟಿನಿಂದ ಅವರಿಗೊಂದು ಶಕ್ತಿಯ ರಸದ ಸೀಸೆ ಎತ್ತಿಕೊಂಡು ಹೋಗಲೇ ಎಂದು ಅವನ ಮನಸ್ಸು ತುಯ್ದಾಡುತ್ತಿತ್ತು. ಇಷ್ಟು ತಿಳಿದ ಮೇಲೆ ನನ್ನ ಹೊಟ್ಟೆ ತಣ್ಣಗಾಗಬೇಕಿತ್ತು. ಆಗಲಿಲ್ಲ. ಕಾರಣ ಯಾವುದಾದರೇನು, ಅವನ ಸಂಕಟ ಅವಳ ಕೈಯಲ್ಲಿರುತ್ತದೆ. ನಮ್ಮ ಮನೆಯಲ್ಲಿ, ನಮ್ಮ ಊಟದ ಹೊತ್ತಿಗೆ, ನಮ್ಮಿಬ್ಬರ ನಡುವೆ ಬಂದು ಕೂರುತ್ತದೆ.

ಇವತ್ತು ರಸಶಾಲೆಗೆ ಬುರುಡೆ ಕೊಡಲು ಹೋದಾಗ ಅವನೊಬ್ಬನೇ ಇದ್ದ. ಭಟ್ಟಿಯ ಬಾಯಿಗೆ ಹಚ್ಚಿದ ಸೀಸೆಯನ್ನೇ ನೋಡುತ್ತಾ ನಿಂತಿದ್ದ. ಕಣ್ಣು ಒಳಗೆ ಹೋಗಿತ್ತು. ನನ್ನ ಬಾಯಿಂದ ಎಷ್ಟು ಸಿಹಿಯಾಗಿ ಮಾತು ಬಂತೆಂದರೆ ನನಗೇ ಆಶ್ಚರ್ಯ.

"ಅಕ್ಕನಿಗೆ ಒಂದು ತಗೊಂಡು ಹೋಗಪ್ಪಾ. ಒಡಹುಟ್ಟಿದವಳಿಗಿಂತ ಹೆಚ್ಚೇನಿದೆ? ಯಾರು ನೋಡ್ತಾರೆ?"

ಅವನು ನನ್ನ ಕಡೆ ತಿರುಗಿದ. "ಅವರ ಕೈ ಸುಟ್ಟುಹೋಗುತ್ತೆ ಅಣ್ಣಾ."

"ಸ್ವಲ್ಪ ಬೊಬ್ಬೆ ಏಳಬಹುದು. ನನ್ನ ಕೈಯಲ್ಲಿ ದಿನಾ ಏಳುತ್ತೆ. ಮುಲಾಮು ಹಚ್ಚಿದ್ರೆ ವಾಸಿ."

ಅವನು ಕಾಯಿಲೆಯವರನ್ನು ನೋಡುವಂತೆ ನನ್ನನ್ನು ನೋಡಿದ.

ಬರೆದಿಟ್ಟುಕೊಳ್ಳುವಾಗ ಸುಳ್ಳೇಕೆ? ಅವನು ಕದಿಯಲಿ, ಆಣೆ ಮುರಿಯಲಿ, ಅವನನ್ನು ರಸಶಾಲೆಯಿಂದ ಹೊರಗೆ ಹಾಕಲಿ ಎಂದೇ ಹೇಳಿದೆ. ಅವಳಿಗೆ ಮುಲಾಮು ನಾನೇ ಹಚ್ಚುತ್ತೇನೆ. ಎಷ್ಟು ದಿನ ಬೇಕಾದರೂ ಹಚ್ಚುತ್ತೇನೆ.

ಗಾಳಿ ತಿಂಗಳು, ೨೩

ಅವಳು ಇವತ್ತು ಹಗುರವಾಗಿದ್ದಾಳೆ. ನಿನ್ನೆಯಿಂದ ಅಂಗೈ ತಣ್ಣಗಿದೆಯಂತೆ. "ಏನಾಯ್ತೋ ಗೊತ್ತಿಲ್ಲ ರೀ, ಇದ್ದಕ್ಕಿದ್ದ ಹಾಗೆ ಆರಿಹೋಯ್ತು" ಎಂದಳು. ಅಷ್ಟು ಹೇಳುವುದೂ ತಪ್ಪೇನೋ, ನಾಲಿಗೆ ಕಚ್ಚಿಕೊಂಡಳು.

ನಾನು ಹೇಳಿದ್ದನ್ನು ಅವನು ಅವಳ ಕಿವಿಗೆ ಹಾಕುತ್ತಾನೆಂದು ಕಾದೆ. ಹಾಕಿಲ್ಲ. ದೊಡ್ಡ ಮನುಷ್ಯ! ಅದರಲ್ಲೂ ನನ್ನನ್ನು ಚಿಕ್ಕವನನ್ನಾಗಿ ಮಾಡಿದ.

ಗಾಳಿ ತಿಂಗಳು, ೨೭

ಇಕ್ಕಳನ ಅಕ್ಕ ಹೋದರು. ಜ್ವರ ಉಗುರಿನಿಂದ ಒಂದೇ ನೆಗೆತಕ್ಕೆ ಎದೆಗೆ ಇಳಿಯಿತಂತೆ. ಬೆಳಿಗ್ಗೆ ಭಟ್ಟಿಯಿಂದ ಇಳಿದ ಸೀಸೆಯನ್ನು ಅವನೇ ತನ್ನ ಕೈಯಾರೆ ಗುರುತು ಪರಿಚಯವಿಲ್ಲದ ಒಬ್ಬ ಬಾಣಂತಿಗೆ ಕುಡಿಸಿದ್ದ. ಮನೆಗೆ ಹೋಗುವಷ್ಟರಲ್ಲಿ ಅಕ್ಕ ಇರಲಿಲ್ಲ.

ನನ್ನ ಹೆಂಡತಿ ಅಡುಗೆಮನೆಯ ನೆಲದ ಮೇಲೆ ಕೂತು ಬಿಕ್ಕಿಬಿಕ್ಕಿ ಅತ್ತಳು. ನಮ್ಮಮ್ಮ ಸತ್ತಾಗಲೂ ಹೀಗೆ ಅಳಲಿಲ್ಲ. ಇದನ್ನು ಬರೆಯಬಾರದಿತ್ತು. ಬರೆದಾಯಿತು.

ಗಾಳಿ ತಿಂಗಳು, ೨೯

ಇಕ್ಕಳನನ್ನು ಮಾತಾಡಿಸಿ ಬರಲು ಇಬ್ಬರೂ ಹೋಗಿದ್ದೆವು. ಅವಳೊಬ್ಬಳನ್ನೇ ಕಳಿಸುವುದು ನನ್ನಿಂದಾಗದು ಎಂದು ಹೋದೆ. ಅವನು ಒಳಗೆ ಕೂರದೆ ಹೊಸ್ತಿಲ ಮೇಲೆ ಕೂತಿದ್ದ. ಆ ಉದ್ದ ಕಾಲುಗಳನ್ನು ಎಲ್ಲಿಡಬೇಕೆಂದು ತಿಳಿಯದವನಂತೆ. ಅವಳು ಹೋಗಿ ಅವನ ಪಕ್ಕದಲ್ಲಿ ಕೂತಳು. ನಾನು ಒಳಗೆ ಹೋಗಿ ಒಲೆ ಹಚ್ಚಿದೆ. ಯಾರೂ ಹಚ್ಚಿರಲಿಲ್ಲ. ಗಂಜಿ ಕಾಯಿಸಿ ತಂದು ಅವನ ಮುಂದಿಟ್ಟೆ. ತಿಂದ. ನಾನು ಇಟ್ಟೆ ಎಂದು ತಿಂದನೋ ಅವಳು ಪಕ್ಕದಲ್ಲಿದ್ದಳೆಂದು ತಿಂದನೋ, ದೇವರೇ ಬಲ್ಲ.

ಮಂಜಿನ ತಿಂಗಳು, ೩

ಚಳಿ. ಕುಲುಮೆಯ ಮುಂದೆ ನಿಂತರೂ ಚಳಿ. ಉಗುರು ನೋಡಿಕೊಂಡೆ. ಅವಳಿಗೆ ಹೇಳಿಲ್ಲ, ಕೈ ಜೇಬಿನಲ್ಲಿಟ್ಟುಕೊಂಡಿದ್ದೇನೆ.

ಮಂಜಿನ ತಿಂಗಳು, ೧೬

ಬದುಕಿದ್ದೇನೆ. ಅಕ್ಷರ ನನಗೇ ಓದಲು ಬರುವಂತಿಲ್ಲ. ಆದರೂ ಬರೆಯದೆ ಇರಲಾರೆ.

ಮೈಯೆಲ್ಲ ಬೂದಿಯಾಗಿತ್ತಂತೆ. ಪ್ರಜ್ಞೆ ಇರಲಿಲ್ಲ. ಆ ದಿನ ಭಟ್ಟಿಯಿಂದ ಇಳಿದದ್ದು ಒಂದೇ ಸೀಸೆ, ಅದು ಅವಳ ಕೈಯಲ್ಲಿತ್ತು. ನನಗಿಂತ ಹೆಚ್ಚು ಏರಿದವರು ಬೇರೆ ಯಾರೋ ಇದ್ದರು. ಅವಳು ಸೀಸೆಯನ್ನು ಸೆರಗಿನಲ್ಲಿ ಮುಚ್ಚಿಕೊಂಡು ಮನೆಗೆ ಬಂದು ನನ್ನ ಬಾಯಿಗೆ ಸುರಿದಳು. ಆಣೆ ಮುರಿದಳು. ಇಕ್ಕಳನ ಕೈ ಸುಟ್ಟಿತು. ಅವಳ ಅಂಗೈಯ ಬೆಳ್ಳಿ ಗುರುತು ಅಳಿಸಿಹೋಗಿದೆ. ನಾನೇ ಹಿಡಿದು ನೋಡಿದೆ. ಬರೀ ಅಂಗೈ. ನನ್ನ ಹೆಂಡತಿಯ ಅಂಗೈ.

ಅವಳು ನನ್ನನ್ನು ಆರಿಸಿದಳು! ಅವನ ಕೈ ಸುಡುತ್ತದೆಂದು ಗೊತ್ತಿದ್ದೂ ನನ್ನನ್ನು ಆರಿಸಿದಳು. ಎದ್ದು ಓಡಾಡಲು ಆಗುವಂತಿದ್ದರೆ ಬೀದಿಯಲ್ಲಿ ನಿಂತು ಕೂಗಿ ಹೇಳುತ್ತಿದ್ದೆ.

ಅವಳೇಕೋ ಮಾತೇ ಆಡುವುದಿಲ್ಲ. ದಣಿದಿರಬೇಕು.

ಮಂಜಿನ ತಿಂಗಳು, ೧೮

ಆ ಬೇರೆ ಯಾರೋ ಎಂದರೆ ದೋಣಿಯವನು.

ಅವನ ಹೆಂಡತಿ ರಸಶಾಲೆಯ ಬಾಗಿಲಲ್ಲಿ ಕಾದು ಕೂತಿದ್ದಳಂತೆ. ಅವಳ ಕಣ್ಣೆದುರೇ ನನ್ನ ಹೆಂಡತಿ ಸೀಸೆ ಹಿಡಿದುಕೊಂಡು ಹೊರಗೆ ನಡೆದಳಂತೆ. ಮುಂದಿನ ಸೀಸೆ ಇಳಿಯುವವರೆಗೆ ಅವನ ಜೀವ ನಿಲ್ಲಲಿಲ್ಲ.

ಇದನ್ನು ನನ್ನವಳೇ ಹೇಳಿದಳು, ನನ್ನ ಮುಖ ನೋಡದೆ. "ಬೇರೆ ದಾರಿ ಇರಲಿಲ್ಲ ಕಣೇ" ಎಂದೆ.

"ಇತ್ತು. ತಪ್ಪು ಅಂತ ಗೊತ್ತಿದ್ದೇ ಮಾಡಿದ್ದು. ನೀವು ಸಮಾಧಾನ ಮಾಡ್ಬೇಡಿ. ಮತ್ತೆ ಅಂಥ ದಿನ ಬಂದ್ರೂ ಅದನ್ನೇ ಮಾಡ್ತೀನೇನೋ ಅಂತ ಭಯ ಆಗುತ್ತೆ ನನಗೆ."

ರಸಶಾಲೆಯಿಂದ ಅವಳನ್ನು ತೆಗೆದಿದ್ದಾರೆ. ಹಿರಿಯರು ಬೈಯಲಿಲ್ಲವಂತೆ. ಮೇಲಂಗಿ ಬಿಚ್ಚಿಟ್ಟು ಹೋಗು ಎಂದರಂತೆ, ಅಷ್ಟೇ.

ಮಂಜಿನ ತಿಂಗಳು, ೨೦

ಆ ಹೊಟ್ಟೆ, ಆ ನಗು. ಬಾಗಿಲಿಗೆ ತಲೆ ತಾಗುತ್ತದೆ ಎಂದು ಹೇಳಿದ ಮನುಷ್ಯ.

ಮಂಜಿನ ತಿಂಗಳು, ೨೫

ಕಾಲಿಗೆ ಬಲ ಬಂದ ಮೇಲೆ ಮೊದಲು ಹೊಳೆಯ ಕಡೆ ನಡೆದೆ. ಇಕ್ಕಳನನ್ನು ನೋಡಬೇಕಿತ್ತು. ಏಕೆ ಎಂದು ಕೇಳಿದರೆ ನನಗೆ ಗೊತ್ತಿಲ್ಲ. ಅವನ ಸುಟ್ಟ ಕೈಯನ್ನು ಕಣ್ಣಾರೆ ನೋಡಿ ತೃಪ್ತಿಪಡಬೇಕಿತ್ತೋ ಏನೋ. ಅವಳು ನನ್ನನ್ನು ಆರಿಸಿದ್ದಕ್ಕೆ ಸಾಕ್ಷಿ ಅದೊಂದೇ.

ದೋಣಿ ನಡೆಸುತ್ತಿದ್ದವಳು ದೋಣಿಯವನ ಹೆಂಡತಿ. ಗಿಡ್ಡ ಹೆಂಗಸು, ಸೆರಗನ್ನು ಸೊಂಟಕ್ಕೆ ಬಿಗಿದಿದ್ದಳು. ನಾನು ಹತ್ತಿ ಕೂತೆ. ಅವಳು ನನ್ನನ್ನು ತಲೆಯಿಂದ ಕಾಲಿನವರೆಗೆ ನೋಡಿದಳು.

"ನೀವೇನಾ ಅದು?"

ಹೌದೆಂದು ತಲೆ ಆಡಿಸಿದೆ.

ದೋಣಿ ದಡ ಬಿಟ್ಟಿತು. ಹೊಳೆಯ ನಡುವೆ ಬಂದಾಗ ಅವಳು ಕೈ ನಿಲ್ಲಿಸಿದಳು. ದೂಡಿಬಿಡುತ್ತಾಳೆ ಎಂದುಕೊಂಡೆ, ದೂಡಿದರೆ ದೂಡಲಿ ಎಂದೂ ಅನಿಸಿತು. ಅವಳು ಹುಟ್ಟನ್ನು ನನ್ನ ತೊಡೆಯ ಮೇಲೆ ಎಸೆದಳು.

"ಕೂತ್ಕೊಂಡು ಹೋಗೋಕೆ ನಿಮ್ಮನ್ನ ಬದುಕಿಸಿದ್ದಾ? ಹಾಕಿ ಹುಟ್ಟು."

ಹಾಕಿದೆ. ಜ್ವರ ಬಿಟ್ಟ ಮೈ, ತೋಳು ಕಿತ್ತುಬರುವಂತಾಯಿತು. ದೋಣಿ ನೆಟ್ಟಗೆ ಹೋಗದೆ ಬುಗುರಿಯಂತೆ ತಿರುಗಿತು. ಅವಳು ಸಹಾಯಕ್ಕೆ ಬರಲಿಲ್ಲ. ದಡ ಮುಟ್ಟಿದಾಗ ನಾನು ಬೆವರಿನಲ್ಲಿ ತೊಯ್ದಿದ್ದೆ. ಇಳಿಯುವಾಗ ಹಿಂದಿನಿಂದ ಹೇಳಿದಳು: "ನಿಮ್ಮ ಹೆಂಡ್ತಿ ದಿನಾ ಬಂದು ದಡದ ಮೇಲೆ ಕೂರ್ತಾಳೆ. ಬರಬೇಡ ಅನ್ನಿ. ನನಗೆ ಅವಳ ಮುಖ ನೋಡೋಕಾಗಲ್ಲ." ಹಗ್ಗ ಕಟ್ಟುತ್ತಾ, "ನೀವು ಬೇಕಾದ್ರೆ ಬನ್ನಿ. ಬೆಳಿಗ್ಗೆ ಹೊತ್ತು ಜನ ಜಾಸ್ತಿ, ನನ್ನೊಬ್ಬಳ ಕೈಲಿ ಆಗಲ್ಲ" ಎಂದಳು.

ಇಕ್ಕಳ ಮನೆಯಲ್ಲೇ ಇದ್ದ. ಬಲಗೈಯನ್ನು ಮೊಣಕೈವರೆಗೆ ಬಟ್ಟೆಯಲ್ಲಿ ಸುತ್ತಿದ್ದರು. ಬೊಬ್ಬೆಯಲ್ಲ ಅದು. ಬಟ್ಟೆ ಬದಲಿಸುವ ಹೊತ್ತಾಗಿತ್ತು, ಎಡಗೈಯಲ್ಲಿ ಒದ್ದಾಡುತ್ತಿದ್ದ. ನೋಡಲಾಗದೆ ನಾನೇ ಬಿಚ್ಚಿದೆ. ನಾನು ಬೆಂಕಿಯ ಜೊತೆ ಬಾಳಿದವನು, ಎಷ್ಟೋ ಸುಟ್ಟಗಾಯ ನೋಡಿದ್ದೇನೆ. ಇಂಥದ್ದನ್ನು ನೋಡಿಲ್ಲ. ಬೆರಳುಗಳು ಒಳಕ್ಕೆ ಮಡಚಿಕೊಂಡು ಒಂದಕ್ಕೊಂದು ಅಂಟಿದ್ದವು. ಇನ್ನು ಆ ಕೈ ಸೀಸೆ ಹಿಡಿಯುವುದಿಲ್ಲ.

ತೃಪ್ತಿಯಾಗಲಿಲ್ಲ. ಏನೇನೋ ಆಯಿತು.

"ಅವಳು ಒಂದು ಮಾತು ಹೇಳಿಯಾದ್ರೂ ಮಾಡಬಹುದಿತ್ತು" ಎಂದೆ.

"ಹೇಳೋದೇನು ಬಂತು ಅಣ್ಣಾ, ಬೆಳಿಗ್ಗೆಯಿಂದ ನನ್ನ ಕೈ ಕೆಂಡದ ಹಾಗೆ ಕಾಯ್ತಿತ್ತು. ಎದ್ದು ರಸಶಾಲೆಗೆ ಹೋದೆ. ಅವರು ಸೀಸೆ ಹಿಡ್ಕೊಂಡು ಬಾಗಿಲಲ್ಲಿ ನಿಂತಿದ್ರು, ಆ ಕಡೆಗೂ ಇಲ್ಲ ಈ ಕಡೆಗೂ ಇಲ್ಲ. ಮನೆಗೆ ತಗೊಂಡು ಹೋಗಿ ಅಂತ ನಾನೇ ಅಂದೆ."

"ನೀನೇ?"

"ಹೂಂ. ಅದು ಸರಿ ಅಂತ ಹೇಳಲ್ಲ. ದೋಣಿಯವನ ಹೆಂಡ್ತಿ ಅಲ್ಲೇ ಕೂತಿದ್ರು, ನಾನು ಅವರ ಕಡೆ ನೋಡಲಿಲ್ಲ. ಆ ಪಾಪದಲ್ಲಿ ನನ್ನ ಪಾಲೂ ಇದೆ." ಗೋಡೆ ನೋಡಿದ. ಅಕ್ಕ ಒರಗಿ ಕೂರುತ್ತಿದ್ದ ಗೋಡೆ. "ನಮ್ಮಕ್ಕನಿಗೆ ನಾನು ಕೊಡಲಿಲ್ಲ. ಕೊಡದೇ ಇದ್ದದ್ದೇ ಸರಿ. ಆದ್ರೆ ಆಮೇಲೆ ಮನೆ ಹೇಗಿರುತ್ತೆ ಅಂತ ನನಗೆ ಗೊತ್ತಲ್ವಾ? ಅವರಿಗೆ ಅದು ಬೇಡ ಅನ್ನಿಸ್ತು."

ನಾನು ಮುಲಾಮು ಹಚ್ಚುತ್ತಿದ್ದೆ. ಅವನು ಹಲ್ಲು ಕಚ್ಚಿ ಕೂತಿದ್ದ. ನೋವು ಮರೆಯಲೆಂದೋ ಏನೋ, ಮಾತು ಮುಂದುವರಿಸಿದ. "ಅವತ್ತು ನೀವು ಒಂದು ತಗೊಂಡು ಹೋಗು ಅಂದ್ರಲ್ಲ, ಆ ಗಳಿಗೆಯಲ್ಲಿ ನನ್ನ ಕೈ ಅರ್ಧ ಮುಂದೆ ಹೋಗಿತ್ತು. ನನ್ನ ಮನಸ್ಸಿನಲ್ಲಿದ್ದದ್ದೇ ನಿಮ್ಮ ಬಾಯಲ್ಲಿ ಬಂತು. ಕೇಳೋಕೆ ಎಷ್ಟು ಹೊಲಸಾಗಿತ್ತು ಅಂದ್ರೆ, ಅಲ್ಲೇ ನಿಂತುಬಿಟ್ಟೆ."

ಇಷ್ಟು ದಿನ ಒಳಗಿಟ್ಟುಕೊಂಡಿದ್ದನ್ನು ಕೇಳಿಯೇಬಿಟ್ಟೆ. "ನಿನಗೆ ನನ್ನ ಹೆಂಡ್ತಿ ಮೇಲೆ ಮನಸ್ಸಿದೆಯಾ?"

ಅವನು ಕಣ್ಣರಳಿಸಿದ. ಆಮೇಲೆ ನಕ್ಕ, ನಕ್ಕರೆ ಕೈ ನೋಯುತ್ತದೆಂದು ತಡೆದುಕೊಂಡ.

"ಅಣ್ಣಾ, ಅವರ ಕಡೆಯಿಂದ ನನ್ನ ಅಂಗೈಗೆ ಏನು ಬರ್ತಿತ್ತು ಗೊತ್ತಾ? ಇದನ್ನ ಹೇಳಬಾರದು. ಈಗ ಆಣೆಯೇ ಇಲ್ಲ, ಹೇಳ್ತೀನಿ. ಅವರು ಸೋಸೋಕೆ ಕೂತ್ರೆ, ಅರೆಯೋಕೆ ಕೂತ್ರೆ, ನನ್ನ ಕೈ ತಣ್ಣಗಿರ್ತಿತ್ತು. ಒಂದು ಸಲ ನಿಮ್ಮ ಮುಂಗೈ ಸುಟ್ಟಿತ್ತಂತೆ, ಬೇರೆಯವರಿಗೆ ಇಟ್ಟಿದ್ದ ಮುಲಾಮು ನಿಮಗೆ ತರೋಣ ಅಂತ ಮನಸ್ಸು ಮಾಡಿದ್ರು. ಆಗ ಬೆಚ್ಚಗಾಯ್ತು. ನಿಮ್ಮ ಕೆಮ್ಮಿಗೆ ಇನ್ನೊಂದು ಸಲ. ಆಮೇಲೆ ಈ ಜ್ವರ. ಅವರ ಆಣೆ ಅಲುಗಾಡಿದ್ದೆಲ್ಲ ನಿಮ್ಮಿಂದಾನೇ. ನಿಮ್ಮನ್ನ ಈ ಕೈ ಎಷ್ಟು ಚೆನ್ನಾಗಿ ಬಲ್ಲದು ಅಂದ್ರೆ, ನಮ್ಮಕ್ಕನ ಹತ್ರ ದಿನಾ ಹೇಳ್ತಿದ್ದೆ. ಒಬ್ಬರನ್ನ ಹೀಗೂ ಹಚ್ಕೋಬಹುದಾ ಅಂತ."

ಬಟ್ಟೆ ಸುತ್ತಿ ಗಂಟು ಹಾಕಿದೆ. ಗಂಟು ಸರಿಯಾಗಲಿಲ್ಲ, ಮತ್ತೆ ಬಿಚ್ಚಿ ಹಾಕಿದೆ. ಇಷ್ಟು ದಿನ ನಾನು ಕಾದ ಮನೆಯಲ್ಲಿ ಕಳ್ಳನೇ ಇರಲಿಲ್ಲ. ಅವಳ ಅಂಗೈಯಿಂದ ಈ ಮನುಷ್ಯನ ಅಂಗೈಗೆ ಹೋಗಿ ಕೂತಿದ್ದವನು ನಾನು.

ಮರಳುವಾಗಲೂ ಹುಟ್ಟು ನಾನೇ ಹಾಕಿದೆ.

ಚಿಗುರು ತಿಂಗಳು, ೧

ಬೆಳಿಗ್ಗೆ ದೋಣಿ. ಈಗ ಅಷ್ಟು ತಿರುಗುವುದಿಲ್ಲ. ದೋಣಿಯವನ ಹೆಂಡತಿ ಇನ್ನೂ ನಾಲ್ಕು ಮಾತಿಗಿಂತ ಹೆಚ್ಚು ಆಡುವುದಿಲ್ಲ, ಅದರಲ್ಲಿ ಮೂರು ಬೈಗುಳ.

ಆಮೇಲೆ ಇಕ್ಕಳನ ಮನೆ. ಗಾಯ ತೊಳೆದು, ಗಂಜಿ ಕಾಯಿಸಿ, ಅವನ ಅಂಗಿಯ ಗುಂಡಿ ಹಾಕಿ, ಆಮೇಲೆ ನನ್ನ ಕುಲುಮೆಗೆ. ಹಿರಿಯರು ಅವನನ್ನು ಮತ್ತೆ ಕರೆಸಿಕೊಳ್ಳುತ್ತಾರಂತೆ, ಅಳತೆ ನೋಡುವುದಕ್ಕೆ, ಹೊಸಬರಿಗೆ ಕಲಿಸುವುದಕ್ಕೆ. ಎಡಗೈಗೆ ಸರಿಹೋಗುವಂತೆ ಅಗಲ ಕತ್ತಿನ ಬುರುಡೆ ಊದಿದೆ. ಮೊದಲಿನದು ಭಾರವಾಯಿತು, ಎರಡನೆಯದು ಜಾರುತ್ತದೆ ಎಂದ. ನಾಳೆ ಇನ್ನೊಂದು ಊದಬೇಕು. ಉಸಿರು ಈಗ ಪರವಾಗಿಲ್ಲ.

ಅವಳು ದಡಕ್ಕೆ ಹೋಗುವುದನ್ನು ಬಿಟ್ಟಿದ್ದಾಳೆ. ದೋಣಿಯವನ ಹೆಂಡತಿಯ ಮಾತನ್ನು ಅವಳಿಗೆ ತಲುಪಿಸಿದ್ದೆ. ಹಗಲೆಲ್ಲ ಮನೆಯಲ್ಲಿ ಕೈಕಟ್ಟಿ ಕೂತಿರುತ್ತಾಳೆ. ನಾನು ಕುಲುಮೆಗೆ ಬಾ, ಗಾಜಿನ ಚೂರು ಆರಿಸು ಎಂದೆ. ಬಂದಳು. ಕೆಲಸ ಮಾಡಿದಳು.

ಚಿಗುರು ತಿಂಗಳು, ೭

ನಮ್ಮ ಇಕ್ಕಳನ ಪಕ್ಕದ ಮನೆಯಲ್ಲಿ ಒಬ್ಬ ದರ್ಜಿ ಇದ್ದಾನೆ. ಎರಡು ದಿನದಿಂದ ನೋಡುತ್ತಿದ್ದೇನೆ, ನಾನು ಹೋಗುವಷ್ಟರಲ್ಲಿ ಬಂದು ಕೂತಿರುತ್ತಾನೆ. ನಿನ್ನೆ ಅಂಗಿಯ ಗುಂಡಿ ಹಾಕಿಬಿಟ್ಟಿದ್ದ, ಅದೂ ಒಂದು ಮೇಲೆ ಒಂದು ಕೆಳಗೆ. ಬಟ್ಟೆ ಹೊಲಿಯುವವನಿಗೆ ಗುಂಡಿ ಹಾಕಲು ಬರುವುದಿಲ್ಲವೇ? ಗಾಯಕ್ಕೆ ಬಟ್ಟೆ ಸುತ್ತುವಾಗ "ಹೀಗಲ್ಲ, ಬಿಗಿಯಾಯ್ತು" ಎಂದು ನನಗೇ ಹೇಳಿಕೊಡುತ್ತಾನೆ. ಇಷ್ಟು ದಿನ ಎಲ್ಲಿದ್ದನೋ ಪುಣ್ಯಾತ್ಮ! ಇಕ್ಕಳನಾದರೂ ಬೇಡ ಎನ್ನಬೇಕಲ್ಲ? ಅವನಿಗೆ ಎಲ್ಲರೂ ಬೇಕು. ಎಲ್ಲರೂ ಅಣ್ಣಂದಿರೇ.

ಚಿಗುರು ತಿಂಗಳು, ೯

ಇವತ್ತು ಹೋಗುವಷ್ಟರಲ್ಲಿ ದರ್ಜಿ ಅವನ ಎಡಗೈಯ ಉಗುರು ಕತ್ತರಿಸುತ್ತಿದ್ದ! ಕತ್ತರಿ ಹಿಡಿದು, ನಗುತ್ತಾ, ಹರಟೆ ಹೊಡೆಯುತ್ತಾ. ನಾನು ಬಾಗಿಲಲ್ಲಿ ನಿಂತೇ ಇದ್ದೆ, ಇಬ್ಬರಿಗೂ ನನ್ನ ಮೇಲೆ ಗಮನವಿಲ್ಲ. ತಂದಿದ್ದ ಬುರುಡೆಯನ್ನು ಕಟ್ಟೆಯ ಮೇಲಿಟ್ಟು ಬಂದುಬಿಟ್ಟೆ.

ಮನೆಗೆ ಬಂದವನೇ ಹೆಂಡತಿಯ ಮುಂದೆ ಎಲ್ಲವನ್ನೂ ಕಾರಿಕೊಂಡೆ. "ಆ ದರ್ಜಿ ಯಾರು, ಇವನ ಉಗುರು ಕತ್ತರಿಸೋಕೆ? ಇವನಾದ್ರೂ ಅವನ ಹತ್ರ ಯಾಕೆ ಕೇಳಬೇಕಿತ್ತು? ನಾನೇನು ಸತ್ತುಹೋಗಿದ್ನಾ?"

ಅವಳು ಗಾಜಿನ ಚೂರು ಆರಿಸುತ್ತಿದ್ದವಳು ತಲೆಯೆತ್ತಿದಳು. ನನ್ನನ್ನೇ ನೋಡಿದಳು. ಆಮೇಲೆ ನಗಲು ಶುರುಮಾಡಿದಳು. ಆ ಸೀಸೆಯ ದಿನದಿಂದ ಅವಳು ನಕ್ಕದ್ದನ್ನು ನಾನು ಕಂಡಿರಲಿಲ್ಲ. ನಕ್ಕು ನಕ್ಕು ಕಣ್ಣಲ್ಲಿ ನೀರು ಬಂತು, ನೀರು ಬಂದದ್ದು ನಿಲ್ಲಲಿಲ್ಲ. ಏನಾಯಿತೆಂದು ಗಾಬರಿಯಿಂದ ಹತ್ತಿರ ಹೋದೆ. ನನ್ನ ಒರಟು ಕೈಯನ್ನು ಎಳೆದುಕೊಂಡು ಕೆನ್ನೆಗೆ ಒತ್ತಿಕೊಂಡು, ಹಾಗೇ ನಗುತ್ತಾ ಅಳುತ್ತಾ ಕೂತಳು.

ನಾನು ಹೇಳಿದ್ದರಲ್ಲಿ ನಗುವಂಥದ್ದೇನಿತ್ತೋ ನನಗೆ ತಿಳಿಯಲಿಲ್ಲ. ಹೆಂಗಸರ ಮನಸ್ಸು.

ನಾಳೆ ದರ್ಜಿ ಏಳುವ ಮೊದಲೇ ಹೊಳೆ ದಾಟಬೇಕು.